ವಿಲ್ಬರ್ತನ ಪಾಲಿನ ಈರುಳ್ಳಿ

ಸೆಲೆಸ್ತುನ್, ಯುಕತಾನ್
4 ನವೆಂಬರ್ 1987

ಪ್ರೀತಿಯ ತಂಗಿ ಎರ್ಮೆಲಿಂಡಾಗೆ,

ನಿನ್ನ ಅಕ್ಕ ಎದುವಿಹೆಸ್, ಕನುಲ್ ಮನೆಯ ಹಿರಿಯಳು, ಈ ಬೀದಿಯ ಮದುವೆ-ಜಗಳಗಳಲ್ಲಿ ಕೊನೆಯ ಮಾತು ಆಡುವವಳು, ಯಾರಲ್ಲೂ ಕ್ಷಮೆ ಕೇಳಿದವಳಲ್ಲ. ಆದರೂ ನಿನ್ನ ಎರಡು ಕಾಗದಗಳಿಗೆ ಉತ್ತರಿಸದೆ ಉಳಿದೆನೆಂದು ಬೇಸರಿಸಬೇಡ. ಮಂಡಿನೋವು ಹೇಗಿದೆ?

ನೀನು ಸೊಸೆ ನೀದಿಯಾಳ ವಿಷಯ ಕೇಳಿದ್ದೆ. ನನ್ನ ವಿಲ್ಬರ್ತ್ ಮೀನಿಗೆಂದು ದೋಣಿ ಹತ್ತಿ ಏಳು ವರ್ಷ. ದೋಣಿಯೂ ಸಿಗಲಿಲ್ಲ, ಅವನೂ ಸಿಗಲಿಲ್ಲ. ಅವನು ಮಲಗುತ್ತಿದ್ದ ಜೋಲಿ ಗಾಳಿಯಿಲ್ಲದಾಗಲೂ ತೂಗುತ್ತದೆ. ನಾನು ತಿರುಗಿ ನೋಡುವುದಿಲ್ಲ. ಸತ್ತವರ ಹಬ್ಬದಲ್ಲಿ ಅವನಿಗೆ ಎಡೆ ಇಡಲು ನಾನು ಬಿಟ್ಟಿರಲಿಲ್ಲ. ಇಟ್ಟರೆ ಸತ್ತನೆಂದು ಒಪ್ಪಿದಂತೆ. ಬಲೆ ಹೆಣೆಯುವ ಎಲಿಯುತೇರಿಯೊ ನೀದಿಯಾಳನ್ನು ಮದುವೆಯಾಗಲು ಕಾಯುತ್ತಿದ್ದಾನೆ, ಅದಕ್ಕೂ ಬಿಟ್ಟಿರಲಿಲ್ಲ.

ಈ ಸಲ ಅವಳು ಒಲೆಯ ಮುಂದೆ ನಿಂತು, "ಅತ್ತೆ, ಅವರು ಇದ್ದಾರೋ ಇಲ್ವೋ, ನನ್ನನ್ನಂತೂ ಒಂದು ದಡಕ್ಕೆ ಹಚ್ಚಿ" ಅಂದಳು.

ನಾದಿನಿ ಫುಲ್ಹೆನ್ಸಿಯಾ ಸುಮ್ಮನಿರುತ್ತಾಳೆಯೇ? "ಏಳು ವರ್ಷದಿಂದ ಯಾವ ಮೀನಿನ ಮನೇಲಿ ಊಟ ಮಾಡ್ತಿದಾನಂತೆ ನಿಮ್ಮ ಮಗ? ಎಡೆ ಇಟ್ಟು ನೋಡಿ ಅತ್ತಿಗೆ. ಸತ್ತೋರು ಉಂಡು ಹೋದ ಎಡೇಲಿ ರುಚಿ ಉಳಿಯಲ್ಲ. ಸಪ್ಪೆಯಾದ್ರೆ ಬಂದಿದ್ದ ಅಂತ. ಆಗ್ಲಿಲ್ಲ ಅಂದ್ರೆ ನಿಮ್ಮ ಹಟವೇ ಗೆಲ್ತು!"

ಇಟ್ಟೆ. ಅವನು ಬಟ್ಟಲುಗಟ್ಟಲೆ ತಿನ್ನುತ್ತಿದ್ದುದನ್ನೇ ಇಟ್ಟೆ. ಕೆನ್ನೇರಳೆ ಈರುಳ್ಳಿಯನ್ನು ಎಳೆಎಳೆಯಾಗಿ ಹೆಚ್ಚಿ, ಕುದಿನೀರು ಸುರಿದು ಬಸಿದು, ಉಪ್ಪು, ಓರೆಗಾನೊ ಸೊಪ್ಪು, ಸುಟ್ಟ ಮೆಣಸಿನಕಾಯಿ ಹಾಕಿ ಹುಳಿಕಿತ್ತಳೆ ಹಿಂಡಿದೆ. ಅರ್ಧ ಗಂಟೆಯಲ್ಲಿ ಗುಲಾಬಿ ಬಣ್ಣಕ್ಕೆ ತಿರುಗಿತು. ಮೇಣದಬತ್ತಿ ಹಚ್ಚಿ ಅವನ ಹೆಸರು ಹಿಡಿದು ಕರೆದೆ. ಜೋಲಿ ತೂಗುವುದು ನಿಂತಿತು.

ಮರುದಿನ ಮಧ್ಯಾಹ್ನ ಎಲ್ಲರೂ ನೋಡುತ್ತಿದ್ದಂತೆ ಒಂದೆಳೆ ಬಾಯಿಗಿಟ್ಟುಕೊಂಡೆ. "ಸಪ್ಪೆ" ಅಂದೆ.

"ಇತ್ಲಾಗೆ ಕೊಡಿ, ನಾನೂ ನೋಡ್ತೀನಿ" ಎಂದು ಫುಲ್ಹೆನ್ಸಿಯಾ ಕೈ ಚಾಚಿದಳು.

"ಮಗನ ಎಂಜಲು ಹೆತ್ತೋಳಿಗೆ, ಸೋದರತ್ತೆಗಲ್ಲ" ಎಂದು ಬಟ್ಟಲು ಪೂರ್ತಿ ನಾನೇ ಖಾಲಿ ಮಾಡಿದೆ. ನೀದಿಯಾ ಅಲ್ಲೇ ಕೂತು ಅತ್ತಳು.

ನಿನ್ನೆ ಚರ್ಚಿಗೆ ಹೋಗಿ ಮಗನ ಹೆಸರನ್ನು ಸತ್ತವರ ಪಟ್ಟಿಯಲ್ಲಿ ಬರೆಸಿದೆ. ಜೋಲಿ ಬಿಚ್ಚಿ ಮಡಿಸಿಟ್ಟೆ. ನೀದಿಯಾಳ ಕೈಯನ್ನು ಎಲಿಯುತೇರಿಯೊನ ಕೈಯಲ್ಲಿ ನಾನೇ ಇಟ್ಟೆ.

ನಿನ್ನ ಮನೆಮಂದಿಯನ್ನೆಲ್ಲ ಮೇರಿಮಾತೆ ಕಾಯಲಿ.

ನಿನ್ನ ಅಕ್ಕ,
ಎದುವಿಹೆಸ್

ತಾ.ಕ.: ಓದಿದ ಮೇಲೆ ಈ ಕಾಗದವನ್ನು ಒಲೆಗೆ ಹಾಕು. ಈರುಳ್ಳಿ ಸಪ್ಪೆಯಾಗಿರಲಿಲ್ಲ. ಹುಳಿ, ಖಾರ ಎಲ್ಲ ಇಟ್ಟ ಹಾಗೆಯೇ ಇತ್ತು. ವಿಲ್ಬರ್ತ್ ದೋಣಿ ಹತ್ತಿ ಹೊರಟ ದಿನ ಎದುರು ಮಾತಾಡಿದನೆಂದು ಅವನ ಮುಂದಿನ ತಟ್ಟೆ ಎಳೆದುಕೊಂಡು, "ಹೋಗು, ಇನ್ನು ನನ್ನ ಕೈ ಅಡುಗೆ ಮುಟ್ಬೇಡ" ಅಂದಿದ್ದೆ. ಬದುಕಿದ್ದಾನೋ, ಸತ್ತ ಮೇಲೂ ತಾಯಿಯ ಮಾತು ಮೀರದೆ ಇದ್ದಾನೋ, ನನಗೆ ತಿಳಿಯದು.