ಬಾಯಿಲ್ಲದ ಸೊಸೆ

ಅತ್ತೆಯವರೇ,

ಸಿಟ್ಟು ಇನ್ನೂ ಇಳಿದಿಲ್ಲ. ನೀವು ಊರಲ್ಲಿಲ್ಲ, ಅದಕ್ಕೇ ಈ ಕಾಗದವನ್ನು ಅದೇ ಸಿಟ್ಟಿನಲ್ಲಿ ಬರೆಯುತ್ತಿದ್ದೇನೆ, ಬೇಜಾರು ಮಾಡಿಕೊಳ್ಳಬೇಡಿ.

ನಾನು ಮುಂಡರಗಿಯಿಂದ ಬೆಟಗೇರಿಗೆ ಸೊಸೆಯಾಗಿ ಬಂದ ವಾರ ನೆನಪಿದೆಯೇ? ಓಣಿಯ ಹೆಂಗಸರು ನೋಡಲು ಬಂದಿದ್ದರು. ಒಬ್ಬಾಕೆ ನಾನು ಬಡಿದ ರೊಟ್ಟಿಯನ್ನು ಎತ್ತಿ ಹಿಡಿದು ನಕ್ಕಳು. ನಾನು ಸುಮ್ಮನಿದ್ದೆ. ನೀವು ಹೆಮ್ಮೆಯಿಂದ, "ನಮ್ಮ ಸೊಸಿ ಬಾಯಿಲ್ಲದಾಕಿ ನೋಡ್ರಿ, ದನಿನ ಎತ್ತಂಗಿಲ್ಲ" ಅಂದಿರಿ. ನನಗೆ ಹಲ್ಲುನೋವಿತ್ತು ಅತ್ತೀ! ದವಡೆ ಬಾತುಕೊಂಡಿತ್ತು. ತವರಿನಲ್ಲಿ ಕಂಡಕ್ಟರನ ಜೊತೆ ಜಗಳವಾಡಿ, ಮುಂದೆ ಹೋದ ಬಸ್ಸನ್ನು ಹಿಂದಕ್ಕೆ ತರಿಸಿದವಳು ನಾನು. ಹೇಳಿಬಿಡೋಣವೆಂದರೆ ನಿಮ್ಮ ಮುಖದ ಸಂತೋಷ ನೋಡಿ...

ಹಲ್ಲು ಕೀಳಿಸಿದೆ, ಬಾಯಿ ಮಾತ್ರ ತಿರುಗಿ ಬರಲಿಲ್ಲ. ನಲ್ಲಿಯ ಹತ್ತಿರ, ಮಗ್ಗದ ಮನೆಗಳಲ್ಲಿ, ಎಲ್ಲೆಲ್ಲೂ ಅದೇ ಹೆಸರು. ಹೊಗಳಿದಷ್ಟೂ ಇನ್ನಷ್ಟು ಸುಮ್ಮನಾದೆ. ನಿಮ್ಮನ್ನು ಅದೇ ಓಣಿ ಬಾಯಿಬಡಕಿ ಅನ್ನುತ್ತಿತ್ತು. ಆ ಹೆಸರು ನನಗೆ ತಗಲದಿರಲಿ ಎಂದೇ ನೀವು ಹಾಗೆ ಸಾರಿದಿರಾ?

ಮೊನ್ನೆ ಭಾನುವಾರ ನಿಮ್ಮ ಮೊಮ್ಮಗಳು ದೀಪಾಳನ್ನು ನೋಡಲು ಲಕ್ಷ್ಮೇಶ್ವರದವರು ಬಂದರು. ನರ್ಸಿಂಗ್ ಮುಗಿಯದೆ ಮದುವೆ ಬೇಡವೆಂದು ಬೆಳಿಗ್ಗೆ ನನ್ನ ಸೆರಗು ಹಿಡಿದು ಅತ್ತಿದ್ದಳು. ಹುಡುಗನ ತಂದೆ, "ಓದಿದ್ದು ಇಲ್ಲಿಗೆ ಸಾಕ್ರಿ" ಅಂದರು. ನಿಮ್ಮ ಮಗ ತಲೆಯಾಡಿಸಿದರು. ಸಕ್ಕರೆಯ ತಟ್ಟೆ ಬಂತು. ಹಂಚಿದರೆ ಮುಗಿಯಿತು, ಸಂಬಂಧ ಗಟ್ಟಿ. ಬಂದ ಹಿರಿಯರೊಬ್ಬರು, "ತಾಯಿನ್ನೂ ಒಂದ್ ಮಾತ್ ಕೇಳ್ರಿ" ಅಂದರು. ನನ್ನ ಮೈದುನ ನಕ್ಕ. "ನಮ್ಮ ವೈನೀನ್ನ ಏನ್ ಕೇಳ್ತೀರಿ, ಬಾಯಿಲ್ಲದಾಕಿ! ಸಕ್ರಿ ಹಂಚ್ರಿ."

ತಟ್ಟೆ ಮೊದಲನೆಯವರ ಮುಂದೆ ಹೋಯಿತು, ಅವರು ಚಿಟಿಕೆ ಎತ್ತಿಯೂ ಆಯಿತು...

"ಇಡ್ರಿ ಅದನ್ನ ಕೆಳಗ!" ಅಂದೆ. "ನನ್ ಮಗಳ ಓದು ಮುಗಿಯೂತನಕ ಈ ಮನ್ಯಾಗ ಲಗ್ನದ ಮಾತಿಲ್ಲ."

ಬಂದವರು ಚಹಾ ಮುಟ್ಟದೆ ಎದ್ದರು. ನಿಮ್ಮ ಮಗ ಇವತ್ತಿಗೂ ನನ್ನೊಡನೆ ಮಾತಾಡಿಲ್ಲ. ಓಣಿ ಈಗ ನನ್ನನ್ನೇ ಬಾಯಿಬಡಕಿ ಅನ್ನುತ್ತಿದೆ. ಅನ್ನಲಿ. ಅದೂ ನಾನಲ್ಲ. ದೀಪಾ ಕಾಲೇಜಿಗೆ ಹೋಗುತ್ತಿದ್ದಾಳೆ. ಮುಗಿಸುವವರೆಗೂ ಕಳಿಸುತ್ತೇನೆ, ನಿಮ್ಮಾಣೆ.

ಆದರೆ ನನಗೆ ಅಳು ಬಂದದ್ದು ಬೇರೆಯದಕ್ಕೆ. ಅವಳು ಆಗ ಒಳಗಿನ ಕೋಣೆಯಲ್ಲಿದ್ದಳು. ಎಲ್ಲರೂ ಹೋದ ಮೇಲೆ ಬಂದು ಕೇಳಿದಳು, "ಅವ್ವಾ, ಹೊರಗ ಅಷ್ಟ್ ಜೋರಾಗಿ ಮಾತಾಡಿದಾಕಿ ಯಾರು?"

ನಾನು ಹೆತ್ತ ಮಗಳು, ಅತ್ತೀ. ನನ್ನ ದನಿಯ ಗುರುತು ಅವಳಿಗೆ ಹತ್ತಲಿಲ್ಲ.