ತಾಹೇರಾ ಅಜ್ಜಿಯ ಎರಡನೇ ಟೇಕು

ಫೆ. 9, ಭಾನುವಾರ

ಬೆಸಗರಹಳ್ಳಿ ಮದುವೆ ಶೂಟಿಂಗ್ ಮುಗಿಸಿ ಬಂದೆ. ತಾಳಿ ಕಟ್ಟುವಾಗ ನೆಂಟರ ದಂಡು ನನ್ನ ಕ್ಯಾಮರಾಕ್ಕೆ ಅಡ್ಡ. “ಇನ್ನೊಂದ್ಸಲ ಕಟ್ದಂಗೆ ಮಾಡಿ” ಅಂದೆ. ಮಾಡಿದರು. ಪುರೋಹಿತರು ಗುರ್ ಅಂದರು. ಅನ್ನಲಿ, ಆಲ್ಬಮ್ಮಿನಲ್ಲಿ ಅದು ಬರಲ್ಲ.

ನಾಳೆ ಬೆಂಗಳೂರಿನ ಮೇಧಾ ಮೇಡಂ ಡಾಕ್ಯುಮೆಂಟರಿ. ಅವರ ಕ್ಯಾಮರಾದವನಿಗೆ ಜ್ವರ, ನನಗೆ ಲಾಟರಿ. ನಲವತ್ತೆಂಟರ ಪೊಲೀಸ್ ಕಾರ್ಯಾಚರಣೆ ಹೊತ್ತಲ್ಲಿ ಬೀದರ್ ಕಡೆ ಮುಸ್ಲಿಮರನ್ನು ಕಡಿದು ಹಾಕಿದರಲ್ಲ, ಉಳಿದುಕೊಂಡವರ ಮಾತು ಹಿಡಿಯುತ್ತಿದ್ದಾರೆ. ನಮ್ಮ ಮೆಕ್ಯಾನಿಕ್ ಮುಕರ್ರಂನ ಅಜ್ಜಿ ತಾಹೇರಾ ಅವರಲ್ಲೊಬ್ಬರಂತೆ! ಮದ್ದೂರಿಗೆ ಸೊಸೆಯಾಗಿ ಬಂದು ನಮ್ಮ ಮಾತೇ ಕಲಿತ, ಬೈಕ್ ರಿಪೇರಿಗೆ ಹೋದಾಗಲೆಲ್ಲ ಟೀ ಕೊಟ್ಟ ಅಜ್ಜಿ. ಹುಟ್ಟಿದೂರು ಯಾವುದು ಅಂತ ಒಂದು ದಿನವೂ ಕೇಳಲಿಲ್ಲವಲ್ಲ ನಾನು.

ಫೆ. 10

ಮದ್ದೂರು ರೈಲು ಹಳಿ ಪಕ್ಕದ ಮನೆ. ಅಜ್ಜಿ ಮಂಚದ ಮೇಲೆ. “ಎಂಟು ವರ್ಸ ನಂಗೆ. ನಮ್ಮಣ್ಣ ಜಹಾಂಗೀರ ಜೋಳದ ವಲ್ದಾಗೆ ಅವಿತಿದ್ದ. ಕಡಿಯಾಕ್ ಬಂದೋರು ನನ್ ಜುಟ್ಟು ಇಡ್ಕಂಡು...” ಅಷ್ಟರಲ್ಲಿ ಮೈಸೂರು ರೈಲು. ಮಾತೆಲ್ಲ ಹಾರ್ನ್ ಪಾಲು.

ನನ್ನ ಹಾಳು ಬಾಯಿ! “ಅಜ್ಜಿ, ಸೌಂಡು ಬರ್ನಿಲ್ಲ. ಇನ್ನೊಂದ್ಸಲ ಯೋಳಿ, ವಸಿ ಜೋರಾಗಿ.”

ಅಜ್ಜಿ ನನ್ನನ್ನೇ ನೋಡಿದರು.

“ಅವರೂ ಇಂಗೇ ಅಂದಿದ್ದು ಕಣಪ್ಪ. ಅಣ್ಣನ್ನ ಕೂಗು ಅಂದ್ರು, ಕೂಗ್ದೆ. ಅವಂಗೆ ಕೇಳಿಸ್ನಿಲ್ಲ. ಇನ್ನೊಂದ್ಸಲ ಕೂಗು, ಜೋರಾಗಿ, ಅಂದ್ರು. ಕೂಗ್ದೆ. ಬಂದ. ಕಡುದ್ರು.”

ಮುಕರ್ರಂ ಬಾಗಿಲಲ್ಲೇ ನಿಂತು ಕೇಳುತ್ತಿದ್ದ. ಅಜ್ಜಿ ಕೂಗಿದ ವಿಷಯ ಅವನಿಗೂ ಗೊತ್ತಿರಲಿಲ್ಲ. ಹೊರಡುವಾಗ ಅಜ್ಜಿ, “ಟೀ ಕುಡುದ್ಯಾ?” ಅಂದರು. ನಾಚಿಕೆಯಿಂದ ಸತ್ತೇ ಹೋದೆ.

ಫೆ. 12

ಮೇಡಂ ಫೋನು. “ಪುಟ್ಟರಾಜು, ಎರಡನೇ ಟೇಕ್ ಇಡ್ತೀನಿ. ‘ಇನ್ನೊಂದ್ಸಲ ಯೋಳಿ’ ಅಂದ ನಿಮ್ಮ ದನಿ ತೆಗೀಲಾ?” ತೆಗೀರಿ, ತೆಗೀರಿ ಅಂದುಬಿಟ್ಟೆ. ಹಾಗಾದರೆ ಅಜ್ಜಿಯ “ಅವರೂ ಇಂಗೇ ಅಂದಿದ್ದು” ಕೂಡ ಹೋಗಬೇಕು ಅಂದರು. ಅದಕ್ಕೂ ಹೂಂ ಅಂದೆ. ಥೂ, ನನ್ನ ಜನ್ಮಕ್ಕೆ.

ಫೆ. 15

ತಡೆಯಲಾಗದೆ ಅಜ್ಜಿ ಹತ್ತಿರ ಹೋಗಿ, ದನಿ ತೆಗೆಸುತ್ತಿರುವುದನ್ನು ಹೇಳಿದೆ. ಅಜ್ಜಿ ಬೈಯಲಿಲ್ಲ. ಬೈದಿದ್ದರೆ ಎಷ್ಟೋ ವಾಸಿ.

“ನಿನ್ ದನಿ ತೆಗುಸ್ತೀಯ. ನಾ ಕೂಗಿದ್ದ ಯಾರ್ ಕೈಲಿ ತೆಗುಸ್ಲಪ್ಪ?”

ಫೆ. 16

ಮದ್ದೂರಿನ ಮದುವೆ. ತಾಳಿಗೆ ಯಾರದೋ ಮೊಣಕೈ ಅಡ್ಡ. “ಇನ್ನೊಂದ್ಸಲ ಕಟ್ಲಾ ಅಣ್ಣ?” ಅಂದ ಮದುಮಗ. ಬೇಡ ಅಂದೆ.

ಓಲಗದ ಮಧ್ಯೆಯೇ ಮೇಡಂಗೆ ಫೋನ್ ಮಾಡಿದೆ. ನನ್ನ ದನಿ ತೆಗೆಯಬೇಡಿ, ಅಜ್ಜಿಗೆ ಹಾಗಂದವನು ನಾನೇ, ಊರೆಲ್ಲ ಕೇಳಲಿ, ಅಂದೆ.

“ಏನೂ ಕೇಳಿಸ್ತಿಲ್ಲ ಪುಟ್ಟರಾಜು. ಇನ್ನೊಂದ್ಸಲ ಹೇಳಿ, ಜೋರಾಗಿ.”

ಓಲಗ ನಿಂತಿತು. ಛತ್ರವೆಲ್ಲ ನನ್ನ ಕಡೆಯೇ ನೋಡುತ್ತಿತ್ತು. ನಾನು ಇನ್ನೊಂದ್ಸಲ ಹೇಳಿದೆ, ಜೋರಾಗಿ.