ಬೀಳ್ಕೊಟ್ಟವರೇ ಕರೆದರು

ಮಾರ್ಚ್ 6, ಗುರುವಾರ

ಕೋಪ ಬಂದಾಗ ಕೂಗಾಡದೆ ಬರೆಯಬೇಕಂತೆ. ಬಿಪಿ ನೋಡುವ ನರ್ಸಮ್ಮನ ಅಪ್ಪಣೆ. ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟವಳಿಗೆ ಇದೆಂಥ ಶಿಕ್ಷೆ! ಕೂಗುವುದೇ ಸುಲಭವಿತ್ತು.

ಶನಿವಾರ ಎಸ್ಟೇಟಿನಲ್ಲಿ ನನಗೆ ಶಾಲು ಹೊದಿಸಿ, ಹಾರ ಹಾಕಿ, "ವಯಸ್ಸಾಯ್ತು, ಇನ್ನು ಆರಾಮಾಗಿರಿ" ಎಂದು ಕಳಿಸಿದರು. ಇವತ್ತು ಅಲ್ಲಿ ಹಾಜರಿ ಬರೆಯುವ ರೈಟರ್ ಶಶಿಧರ, ಕೂಲಿಯವರಿಗೆಂದು ಎಸ್ಟೇಟು ಕೊಟ್ಟ ಈ ಲೈನ್ ಮನೆಯ ಬಾಗಿಲಿಗೇ ಬಂದ.

"ಮುತ್ತಕ್ಕ, ಸೋಮವಾರದಿಂದ ಕಪಾತಿಗೆ ಬನ್ನಿ. ಅಸ್ಸಾಮಿನವರೆಲ್ಲ ಊರಿಗೆ ಹೋದ್ರು, ಕಾಫಿ ಗಿಡದ ರೆಂಬೆ ಕತ್ತರಿಸ್ಲಿಕ್ಕೆ ಜನ ಇಲ್ಲ."

"ಹಾಜರಿಯಲ್ಲಿ ನನ್ನ ಹೆಸರು ಹಾಕ್ತೀರಾ ರೈಟ್ರೇ?"

"ಅದು ಆಗುದಿಲ್ಲ, ನಿಮ್ಗೆ ವಯಸ್ಸಾಯ್ತಲ್ಲ."

"ಹೆಸರಿಗೆ ವಯಸ್ಸಾಯ್ತು, ಕೈಗೆ ಆಗ್ಲಿಲ್ವಾ?"

ಅವನು ನಗಲಿಲ್ಲ. ಕೆಲಸಕ್ಕೆ ಬಂದರೆ ಈ ಮನೆಯಲ್ಲಿರಬಹುದು, ಬರದಿದ್ದರೆ ತಿಂಗಳ ಕೊನೆಗೆ ಖಾಲಿ ಮಾಡಬೇಕಂತೆ. ಮಂಡಿ ನೋವಿನಿಂದ ಒಳಗೆ ಮಲಗಿದ್ದ ನಮ್ಮವರು ಎಲ್ಲ ಕೇಳಿಸಿಕೊಂಡರು. ಅವರನ್ನು ಎಲ್ಲಿಗೆ ಹೊತ್ತುಕೊಂಡು ಹೋಗಲಿ? ನನಗೆ ಬರುವ ಪಿಂಚಣಿಗೆ ಮಾದಾಪುರದಲ್ಲಿ ದನದ ಕೊಟ್ಟಿಗೆಯೂ ಬಾಡಿಗೆಗೆ ಸಿಗುವುದಿಲ್ಲ.

ನನಗೆ ನನ್ನ ಮೇಲೂ ಸಿಟ್ಟು. ಬೆಳಿಗ್ಗೆ ಕೆಲಸದ ಗಂಟೆ ಹೊಡೆದಾಗ ಈ ಹಾಳು ಕಾಲುಗಳು ತಾವಾಗಿಯೇ ಎದ್ದು ನಿಂತವು. ಕತ್ತರಿ ಎಲ್ಲಿದೆ ಎಂದೂ ಹುಡುಕಿದೆ. ಕೆಲಸ ಬೇಡ ಎಂದು ನಾನೆಲ್ಲಿ ಹೇಳಿದೆ? ಕಳ್ಳಿಯ ಹಾಗೆ, ಹೆಸರಿಲ್ಲದೆ, ನಾಳೆ ಕೈ ಕೊಯ್ದುಕೊಂಡರೂ ಕೇಳುವವರಿಲ್ಲದೆ ದುಡಿಯುವುದು ಬೇಡ, ಅಷ್ಟೆ.

ನಾಳೆ ಶಶಿಧರನ ಮುಖಕ್ಕೇ ಹೇಳುತ್ತೇನೆ. ನನ್ನ ಹೆಸರು ಬರೆದುಕೊಳ್ಳಿ, ಇಲ್ಲವಾದರೆ ಮನೆ ಖಾಲಿ ಮಾಡುವ ಮಾತು ಎತ್ತಬೇಡಿ. ಎರಡರಲ್ಲಿ ಯಾವುದು ಎಂದು ಒಂಬತ್ತನೇ ತಾರೀಕಿನೊಳಗೆ ನನಗೆ ಉತ್ತರ ಬೇಕು.